ಒಂದು ರಾತ್ರಿಯ ನೀರು, ಒಂದು ಚಳಿಗಾಲದ ನೀರು

ಚಳಿಗಾಲದ ಹಳ್ಳದ ನೀರನ್ನು ಮಂಜುಗಡ್ಡೆಯಾಗಿ ಹಿಡಿದಿಟ್ಟು ಬಿತ್ತನೆಗೆ ಒದಗಿಸಿದ ಲಡಾಖಿನ ಇಂಜಿನಿಯರ್ ಚೆವಾಂಗ್ ನಾರ್ಫೆಲ್ ಅವರ ಬಗ್ಗೆ ಹೋದ ಸಂಚಿಕೆಯಲ್ಲಿ ಬಂದ ಲೇಖನ ಓದಿ ನೀವು ಬರೆದ ಪತ್ರ ಸಿಕ್ಕಿತು. ನಿಮ್ಮ ತಕರಾರು ನೇರವಾಗಿದೆ: "ಅಲ್ಲಿನ ಹಿರಿಯರಿಗೆ ಗೊತ್ತಿದ್ದದ್ದನ್ನೇ ಇವರು ಮಾಡಿದ್ದು. ಬೇಸಿಗೆ ಬಂದರೆ ಹಿಮ ಹೇಗೂ ಕರಗುತ್ತೆ. ಇದರಲ್ಲಿ ಇಂಜಿನಿಯರಿಂಗ್ ಎಲ್ಲಿ ಬಂತು?" ನಿಮ್ಮ ತಾತ ಊರಿನ ಕೆರೆಗೆ ನೀರುಗಂಟಿ (ಗದ್ದೆಗಳಿಗೆ ನೀರು ಹಂಚುವವರು) ಆಗಿದ್ದರು ಅಂತಲೂ ಬರೆದಿದ್ದೀರಿ. ಅದನ್ನು ಓದಿದ ಮೇಲೆ ಸುಮ್ನೆ ಎರಡು ಸಾಲು ಬರೆದು ಮುಗಿಸಲು ಮನಸ್ಸಾಗಲಿಲ್ಲ.

ಹಿಮ ಕರಗುತ್ತೆ, ನಿಜ. ಆದರೆ ಯಾವಾಗ? ಲೇಹ್ ಸುತ್ತಮುತ್ತ ವರ್ಷಕ್ಕೆ ಬೀಳುವ ಮಳೆ 100 ಮಿಲಿಮೀಟರ್ ಆಸುಪಾಸು. ಬೇಸಾಯವೆಲ್ಲ ಹಿಮ ಕರಗಿದ ನೀರನ್ನೇ ನಂಬಿದೆ. ಬಾರ್ಲಿ, ಗೋಧಿ ಬಿತ್ತಬೇಕಾದದ್ದು ಏಪ್ರಿಲ್-ಮೇ ಹೊತ್ತಿಗೆ. ಬೆಟ್ಟದ ನೆತ್ತಿಯ ಹಿಮನದಿಯಿಂದ ನೀರು ಜೋರಾಗಿ ಇಳಿಯುವುದು ಜೂನ್ ಮೇಲೆ. ಬಿತ್ತನೆ ತಡವಾದರೆ ಪೈರು ಮಾಗುವ ಮೊದಲೇ ಚಳಿ ಬಂದುಬಿಡುತ್ತೆ. ಆದರೆ ಚಳಿಗಾಲದಲ್ಲಿ ಹಳ್ಳದ ನೀರು ಯಾರಿಗೂ ಬೇಡವಾಗಿ ಹರಿದು ಹೋಗುತ್ತಿತ್ತು.

ಲಡಾಖಿನಲ್ಲೂ ನೀರುಗಂಟಿ ಇದ್ದಾನೆ, ಅಲ್ಲಿ ಚುರ್ಪೋನ್ ಅಂತಾರೆ. ಅಲ್ಲಿನ ಪುಟ್ಟ ಕಟ್ಟೆಯ ಹೆಸರು ಝಿಂಗ್. ಬೆಳಿಗ್ಗೆ ಸಣ್ಣಗೆ ಜಿನುಗುವ ನೀರು ಮಧ್ಯಾಹ್ನಕ್ಕೆ ತುಂಬಿ ಹರಿಯುತ್ತೆ. ಸಂಜೆಯವರೆಗೆ ಝಿಂಗ್‌ನಲ್ಲಿ ಸೇರಿದ್ದನ್ನು ಮಾರನೆಯ ದಿನ ಸರದಿಯಂತೆ ಗದ್ದೆಗಳಿಗೆ ಬಿಡುತ್ತಾರೆ. ಇದು ಒಂದು ರಾತ್ರಿಯ ಉಳಿತಾಯ. ನಾರ್ಫೆಲ್ ಅದನ್ನೇ ಇಡೀ ಚಳಿಗಾಲಕ್ಕೆ ಹಿಗ್ಗಿಸಿದರು.

ದಾರಿ ತೋರಿಸಿದ್ದು ಒಂದು ನಲ್ಲಿ. ಕೊಳವೆ ಹೆಪ್ಪುಗಟ್ಟಿ ಒಡೆಯಬಾರದು ಅಂತ ಚಳಿಗಾಲದಲ್ಲಿ ನಲ್ಲಿಯನ್ನು ತೆರೆದೇ ಬಿಡುತ್ತಾರೆ. ಹಳ್ಳದಲ್ಲಿ ರಭಸದಿಂದ ಓಡುವ ನೀರು ಹೆಪ್ಪುಗಟ್ಟುತ್ತಿರಲಿಲ್ಲ. ನಲ್ಲಿಯಿಂದ ಮೆಲ್ಲಗೆ ಹರಿದು ಮರದ ನೆರಳು ಸೇರಿದ ನೀರು ಮಾತ್ರ ಮಂಜುಗಡ್ಡೆಯಾಗಿತ್ತು. ಎಷ್ಟೋ ಜನ ಅದನ್ನು ದಾಟಿಕೊಂಡು ಹೋಗಿರುತ್ತಾರೆ, ಅಲ್ವಾ? ಇವರು ನಿಂತು ನೋಡಿದರು. ನೀವು ಕೇಳಿದ ಇಂಜಿನಿಯರಿಂಗ್ ಶುರುವಾಗುವುದು ಇಲ್ಲಿಂದ.

ಹಳ್ಳದ ನೀರನ್ನು ಬಿಸಿಲು ಬೀಳದ ಇಳಿಜಾರಿಗೆ ತಿರುಗಿಸಬೇಕು. ಮೆಟ್ಟಿಲಿನಂತೆ ಅಡ್ಡಡ್ಡ ಕಲ್ಲಿನ ಒಡ್ಡು ಹಾಕಿ ಓಟ ತಗ್ಗಿಸಬೇಕು. ತೆಳ್ಳಗೆ ಹರಡಿದ ನೀರು ಪದರದ ಮೇಲೆ ಪದರವಾಗಿ ಗಟ್ಟಿಯಾಗುತ್ತೆ. ಈ ಗಡ್ಡೆ ನೆತ್ತಿಯ ಹಿಮನದಿಗಿಂತ ಎಷ್ಟೋ ಕೆಳಗೆ, ಹಳ್ಳಿಗೆ ಹತ್ತಿರ ಇರುತ್ತೆ. ಹಾಗಾಗಿ ಬಿಸಿಲು ಏರುತ್ತಿದ್ದಂತೆ ಮೊದಲು ಕರಗುವುದು ಇದೇ, ಸರಿಯಾಗಿ ಬಿತ್ತನೆಯ ಹೊತ್ತಿಗೆ. 1987ರಲ್ಲಿ ಫುಕ್ತ್ಸೆ ಹಳ್ಳಿಯಲ್ಲಿ ನಾರ್ಫೆಲ್ ಇದನ್ನು ಮೊದಲ ಬಾರಿಗೆ ಮಾಡಿದರು. 1995ರಲ್ಲಿ ಸರ್ಕಾರಿ ಕೆಲಸದಿಂದ ನಿವೃತ್ತರಾದ ಮೇಲೂ ಬಿಡಲಿಲ್ಲ. 2015ರಲ್ಲಿ ಪದ್ಮಶ್ರೀ ಬಂತು.

ಇದು ಎಲ್ಲ ಕಡೆ ನಡೆಯುವುದಿಲ್ಲ, ಒಪ್ಪುತ್ತೇನೆ. ನೆರಳಿನ ಕಣಿವೆ ಬೇಕು, ಚಳಿಗಾಲದಲ್ಲೂ ಬತ್ತದ ಹಳ್ಳ ಬೇಕು. ಒಡ್ಡಿನ ಕಲ್ಲು ಜಾರಿದರೆ ಚಳಿ ಶುರುವಾಗುವ ಮೊದಲೇ ಊರವರು ಸೇರಿ ಜೋಡಿಸಬೇಕು.

ನಿಮ್ಮಿಂದ ನನಗೊಂದು ಕೆಲಸ ಆಗಬೇಕು. ಕೆರೆಯಲ್ಲಿ ನೀರು ಕಮ್ಮಿಯಾದ ವರ್ಷ ಯಾರ ಗದ್ದೆಗೆ ಮೊದಲು, ಎಷ್ಟು ಹೊತ್ತು ಅಂತ ನಿಮ್ಮ ತಾತ ಹೇಗೆ ಲೆಕ್ಕ ಹಾಕುತ್ತಿದ್ದರು? ತೂಬು ಎತ್ತುವ ದಿನವನ್ನು ಹೇಗೆ ಗೊತ್ತು ಮಾಡುತ್ತಿದ್ದರು? ನೆನಪಿದ್ದಷ್ಟು ಬರೆದು ಕಳಿಸಿ. ಮುಂದಿನ ಸಂಚಿಕೆಯಲ್ಲಿ ಜಾಗ ಇಟ್ಟಿರುತ್ತೇನೆ.

– ಸಂಪಾದಕ