ಆ ನಾಲ್ಕು ಸೆಕೆಂಡಿನಲ್ಲಿ ಇರೋದು ನಮ್ಮ ಅಪ್ಪನೇನಾ?

ಪ್ರಶ್ನೆ: ಅಪ್ಪ 1966ರಲ್ಲಿ ಕುಂದಾಪುರದ ಕಡೆಯಿಂದ ಮುಂಬೈಗೆ ಬಂದು ಗಿರಗಾಂವ್‌ನ ಹೋಟೆಲೊಂದರಲ್ಲಿ ದುಡಿದವರು. ಈಗ ಅವರಿಲ್ಲ. ಮೊನ್ನೆ ಮೊಬೈಲಿನಲ್ಲಿ ಕೇಂದ್ರ ಸರ್ಕಾರದ ಸಾಕ್ಷ್ಯಚಿತ್ರ ಸಂಸ್ಥೆ ಫಿಲ್ಮ್ಸ್ ಡಿವಿಷನ್‌ನ 1972ರ ಚಿತ್ರವೊಂದನ್ನು ನೋಡುತ್ತಿದ್ದೆವು. ಹೋಟೆಲ್ ಬಾಗಿಲಲ್ಲಿ ಚಹಾ ಲೋಟ ಹಿಡಿದ ಹುಡುಗ ನಾಲ್ಕು ಸೆಕೆಂಡ್ ಕಾಣಿಸಿದ. "ಇವರೇ" ಅಂದರು ಅಮ್ಮ. ಖಚಿತ ಮಾಡಿಕೊಳ್ಳುವುದು ಹೇಗೆ? ಆ ತುಣುಕು ನಮಗೆ ಸಿಗುತ್ತದಾ?
— ಡೊಂಬಿವಲಿಯ ಓದುಗರು

ಉತ್ತರ: ನಾಲ್ಕು ಸೆಕೆಂಡ್ ಅಂದರೆ 35 ಎಂಎಂ ಫಿಲ್ಮ್‌ನಲ್ಲಿ 96 ಚಿತ್ರಗಳು, ಆರು ಅಡಿ ರೀಲು. ಒಬ್ಬ ಮನುಷ್ಯನ ಎತ್ತರದಷ್ಟು ಉದ್ದ. ಅದನ್ನು ಕಡಿಮೆ ಅಂದುಕೊಳ್ಳಬೇಡಿ.

ಅಮ್ಮನ ಕಣ್ಣನ್ನು ನಾನು ನಂಬುತ್ತೇನೆ. ಆದರೂ ಒಂದು ಎಚ್ಚರ ಬೇಕು. ಚಿತ್ರ 1972ರದ್ದು ಅಂದ ಮಾತ್ರಕ್ಕೆ ದೃಶ್ಯವೂ ಅದೇ ವರ್ಷದ್ದು ಆಗಬೇಕಿಲ್ಲ. ಸಾಕ್ಷ್ಯಚಿತ್ರ ಮಾಡುವವರು ಬೀದಿ, ಮಾರ್ಕೆಟ್, ಸ್ಟೇಷನ್ನಿನ ಹಳೇ ತುಣುಕುಗಳನ್ನು ಹೊಸ ಚಿತ್ರಕ್ಕೆ ಸೇರಿಸುವುದು ಮಾಮೂಲು. ಹಾಗಾಗಿ ಮೊದಲು ಮುಖ ಬಿಟ್ಟು ಹಿಂದಿನ ಬೀದಿ ನೋಡಿ. ಮುಂಬೈಯ ಕೊನೆಯ ಟ್ರಾಮ್ ಓಡಿದ್ದು 1964ರ ಮಾರ್ಚ್ 31ರಂದು. ಓಡುವ ಟ್ರಾಮ್ ಕಂಡರೆ ಆ ಹುಡುಗ ನಿಮ್ಮ ಅಪ್ಪ ಅಲ್ಲ, ಅವರಿನ್ನೂ ಊರಲ್ಲೇ ಇದ್ದರು. ಗೋಡೆಯ ಮೇಲೆ ಸಿನಿಮಾ ಪೋಸ್ಟರ್ ಇದ್ದರೆ ಇನ್ನೂ ಒಳ್ಳೇದು. ಆ ಸಿನಿಮಾ ಬಿಡುಗಡೆಯಾದ ವರ್ಷ ಹುಡುಕಿ, ದೃಶ್ಯದ ಕಾಲ ಹೆಚ್ಚುಕಡಿಮೆ ಗೊತ್ತಾಗುತ್ತದೆ. ಅಂಗಡಿ ಬೋರ್ಡುಗಳನ್ನೂ ಬಿಡಬೇಡಿ. ಆಮೇಲೆ ಮುಖ. ಅದೇ ವಯಸ್ಸಿನ ಫೋಟೋ ಪಕ್ಕಕ್ಕಿಟ್ಟು ಕಿವಿಯ ಆಕಾರ, ಹಣೆಯ ಕೂದಲ ಅಂಚು ಹೋಲಿಸಿ. ನಗು ಮೋಸ ಮಾಡಬಹುದು, ಕಿವಿ ಅಷ್ಟು ಸುಲಭಕ್ಕೆ ಮಾಡಲ್ಲ.

ಫಿಲ್ಮ್ಸ್ ಡಿವಿಷನ್ 2022ರಲ್ಲಿ ಸರ್ಕಾರದ್ದೇ ಆದ ರಾಷ್ಟ್ರೀಯ ಚಲನಚಿತ್ರ ಅಭಿವೃದ್ಧಿ ನಿಗಮದ (ಎನ್‌ಎಫ್‌ಡಿಸಿ) ಜೊತೆ ಸೇರಿತು. ಹಾಗಾಗಿ ತುಣುಕಿಗಾಗಿ ಬರೆಯಬೇಕಾದದ್ದು ಎನ್‌ಎಫ್‌ಡಿಸಿಗೆ. ಚಿತ್ರದ ಹೆಸರು, ವರ್ಷ, ಎಷ್ಟನೇ ನಿಮಿಷ ಎಷ್ಟನೇ ಸೆಕೆಂಡು ಅಂತ ಸ್ಪಷ್ಟವಾಗಿ ಬರೆಯಿರಿ. ಚಿತ್ರದ ಹಕ್ಕು ಬಿಡುಗಡೆಯ ಮರುವರ್ಷದಿಂದ 60 ವರ್ಷ, ಅಂದರೆ ಇದಕ್ಕೆ 2032ರ ಕೊನೆವರೆಗೆ. ತುಣುಕನ್ನು ಎಲ್ಲಾದರೂ ಪ್ರದರ್ಶಿಸುವ ಮನಸ್ಸಿದ್ದರೆ ಮೊದಲೇ ಅನುಮತಿ ಕೇಳಿ.

ನೀವು ಕೇಳದ ಒಂದು ಮಾತು ಸೇರಿಸುತ್ತೇನೆ. ಮಂತ್ರಿ ರಿಬ್ಬನ್ ಕತ್ತರಿಸಿದರೆ ನಿರೂಪಕ ಹೆಸರು ಹೇಳುತ್ತಾನೆ. ಚಹಾ ತಂದ ಹುಡುಗನ ಹೆಸರು ಯಾವ ಕಾಗದದಲ್ಲೂ ಇರುವುದಿಲ್ಲ. ನನಗೆ ಇದು ಬಹಳ ನೋವಿನ ವಿಷಯ. ಖಚಿತವಾದ ಮೇಲೆ ಅಪ್ಪನ ಹೆಸರು, ಊರು, ಹೋಟೆಲು, ಜೊತೆಗೊಂದು ಫೋಟೋ ಇಟ್ಟು ಅದೇ ಪತ್ರದಲ್ಲಿ ಕಳಿಸಿ, ಚಿತ್ರದ ದಾಖಲೆಗೆ ಸೇರಿಸಿ ಅಂತ ಕೇಳಿಕೊಳ್ಳಿ. ಪೂರ್ತಿ ನಂಬಿಕೆ ಬರದಿದ್ದರೆ "ಇವರೇ ಇರಬಹುದು" ಅಂತಲೇ ಬರೆಯಿರಿ, ಆ ಮುಖ ಇನ್ನೊಬ್ಬರ ಅಪ್ಪನದೂ ಆಗಿರಬಹುದು ಅಲ್ವಾ?

ಈ ವಾರವೇ ಅಮ್ಮನ ಮುಂದೆ ಆ ದೃಶ್ಯ ನಿಲ್ಲಿಸಿ, ಅವರು ಹೇಳುವುದನ್ನೆಲ್ಲ ಫೋನಿನಲ್ಲಿ ರೆಕಾರ್ಡ್ ಮಾಡಿ. ಗಲ್ಲಾದಲ್ಲಿ ಕೂತವರು ಯಾರು, ಹಿಂದೆ ನಿಂತ ಹುಡುಗ ಯಾರು ಅಂತಲೂ ಕೇಳಿ.