ಅಪ್ಪ ತಿರುಗಿ ನೋಡಿದ್ದು ಯಾವಾಗ?

ನಿಮ್ಮ ಪತ್ರವನ್ನು ಎರಡು ಸಲ ಓದಿದೆ. 17ನೇ ವಯಸ್ಸಿನಲ್ಲಿ ನೋಡಿದ ಸಿನಿಮಾ. ಕೊನೆಯಲ್ಲಿ ಅಪ್ಪ ರೈಲು ಹತ್ತುವ ಮುಂಚೆ ಒಮ್ಮೆ ತಿರುಗಿ ಮಗನನ್ನು ನೋಡುತ್ತಾನೆ. ಆ ನೋಟವೇ ನಿಮ್ಮ ಕೈಗೆ ಪೆನ್ನು ಕೊಟ್ಟಿತು ಎಂದಿದ್ದೀರಿ. ಈಗ ಅದರ ಬಗ್ಗೆ ಪ್ರಬಂಧ ಬರೆಯಲು ಮತ್ತೆ ನೋಡಿದರೆ, ಅಪ್ಪ ತಿರುಗುವುದೇ ಇಲ್ಲ. ‘ಇಷ್ಟು ವರ್ಷ ಸುಳ್ಳನ್ನು ಸಾಕಿಕೊಂಡಿದ್ದೆನಾ? ಪ್ರಬಂಧ ಕೈಬಿಡಲಾ?’ ಎಂದು ಕೇಳಿದ್ದೀರಿ.

ಕೈಬಿಡಬೇಡಿ, ದಯವಿಟ್ಟು.

ನನಗೂ ಇಂಥದ್ದೇ ಆಗಿದೆ. ಹುಡುಗನಾಗಿದ್ದಾಗ ನೋಡಿದ ಒಂದು ಚಿತ್ರದಲ್ಲಿ ಆಕಾಶ ಇಟ್ಟಿಗೆಯ ಕೆಂಪು. ಮುಖಗಳೆಲ್ಲ ತಾಮ್ರದ ಹಾಗೆ. ನಿರ್ದೇಶಕರು ಬೇಕೆಂದೇ ಹಾಗೆ ಮಾಡಿದ್ದಾರೆ ಅಂತ ವರ್ಷಗಟ್ಟಲೆ ನಂಬಿದ್ದೆ. ಆಮೇಲೆ ಸರಿಪಡಿಸಿದ ಪ್ರತಿ ನೋಡಿದೆ. ಆಕಾಶ ತಿಳಿನೀಲಿ! ನಾನು ಅಂದು ನೋಡಿದ್ದು ಹಳೆಯ ಪ್ರಿಂಟ್. ಆ ಕಾಲದ ಎಷ್ಟೋ ಕಲರ್ ಪ್ರಿಂಟ್‌ಗಳಲ್ಲಿ ಹಸಿರು-ನೀಲಿ ಬಣ್ಣ ಮೊದಲು ಮಾಸುತ್ತದೆ, ಕೆಂಪು ಉಳಿಯುತ್ತದೆ. ಹಾಗಂತ ನಾನು ಕಂಡದ್ದು ಸುಳ್ಳಲ್ಲ. ಆ ದಿನ ಆ ಪರದೆಯ ಮೇಲೆ ಆಕಾಶ ಕೆಂಪಾಗಿಯೇ ಇತ್ತು.

ನಿಮ್ಮದು ಬೇರೆ ಥರ. ರೀಲು ಹರಿದು, ಅಂಟಿಸುವಾಗ ಒಂದಷ್ಟು ಚಿತ್ರಗಳು ಹೋಗುವುದುಂಟು. ಆದರೆ ಇಲ್ಲದ್ದು ಬಂದು ಸೇರುವುದಿಲ್ಲ. ಅಪ್ಪನನ್ನು ತಿರುಗಿಸಿದವರು ನೀವೇ ಇರಬೇಕು. ಅದು ತಪ್ಪಲ್ಲ. 1932ರಲ್ಲಿ ಫ್ರೆಡರಿಕ್ ಬಾರ್ಟ್‌ಲೆಟ್ ಎಂಬ ಮನೋವಿಜ್ಞಾನಿ ಇದನ್ನೇ ಬರೆದರು. ದೂರದ ಜನರ ಕಥೆಯೊಂದನ್ನು ಓದಿಸಿ, ಆಮೇಲೆ ನೆನಪಿನಿಂದ ಬರೆಯಲು ಹೇಳಿದಾಗ, ಜನ ತಮಗೆ ಗೊತ್ತಿರುವ ಹಾಗೆ ಅದನ್ನು ತಿದ್ದಿಕೊಂಡಿದ್ದರು. ನೆನಪು ಎತ್ತಿಟ್ಟ ಡಬ್ಬಿಯಲ್ಲ, ಪ್ರತಿ ಸಲ ಹೊಸದಾಗಿ ಕಟ್ಟುವುದು. ಸಿನಿಮಾ ನೋಡುವುದೂ ಹಾಗೇ ಅಲ್ವಾ? ಸೆಕೆಂಡಿಗೆ 24 ಸ್ಥಿರಚಿತ್ರಗಳು, ಒಂದು ಹೋಗಿ ಇನ್ನೊಂದು ಬರುವಾಗ ಕತ್ತಲು. ರೀಲಿನಲ್ಲಿ ಚಲನೆಯೇ ಇಲ್ಲ. ನಡೆಸುವುದು ನಮ್ಮ ಕಣ್ಣು, ಮನಸ್ಸು. ಅಷ್ಟು ಮಾಡಿದ ಮನಸ್ಸು ಅಪ್ಪನ ಕತ್ತನ್ನೂ ಸ್ವಲ್ಪ ತಿರುಗಿಸಿತು.

ನನ್ನ ಕೋರಿಕೆ ಇಷ್ಟೇ. ಮೊದಲು ನಿಮ್ಮ ಹಳೆಯ ದೃಶ್ಯವನ್ನು ಇದ್ದ ಹಾಗೇ ಬರೆಯಿರಿ, ತಿದ್ದಬೇಡಿ. ಪಕ್ಕದಲ್ಲಿ ಈಗ ಕಂಡದ್ದನ್ನು ಇಡಿ. ಎರಡಕ್ಕೂ ನಡುವೆ ಎಷ್ಟು ದೂರ ಇದೆಯೋ ಅದೇ ನಿಮ್ಮ ಪ್ರಬಂಧ. ಇನ್ನೊಂದು ಮಾತು. ತಿರುಗಿದಾಗ ಅಪ್ಪನ ಅಂಗಿಯ ಮೇಲಿನ ಗುಂಡಿ ಕಿತ್ತಿತ್ತು, ಅಲ್ಲಿ ಬೇರೆ ಬಣ್ಣದ ದಾರ ಕಾಣುತ್ತಿತ್ತು ಎಂದು ಬರೆದಿದ್ದೀರಿ. ಆತ ತಿರುಗದೇ ಇದ್ದ ಮೇಲೆ ಆ ದಾರ ನಿಮಗೆ ಎಲ್ಲಿ ಕಂಡಿತು? ಅಲ್ಲಿಂದಲೇ ಶುರು ಮಾಡಿ. ಬರೆದು ಕಳಿಸಿ, ಕಾಯುತ್ತಿರುತ್ತೇನೆ.

– ಸಂಪಾದಕ