ಓದುಗರ ಪ್ರಶ್ನೆ: ವಾರ್ದಾ ದುಡ್ಡು ಹೊಂದಿಸಿದ್ದು ಹೇಗೆ?

ಪ್ರಶ್ನೆ: ಫ್ರಾನ್ಸಿನ ನಿರ್ದೇಶಕಿ ಆನ್ಯೆಸ್ ವಾರ್ದಾ ದೊಡ್ಡ ನಿರ್ಮಾಪಕರ ಹಂಗಿಲ್ಲದೆ ಸಿನಿಮಾ ಶುರು ಮಾಡಿದರಂತೆ. ಹೇಗೆ ಸಾಧ್ಯವಾಯಿತು?

ಉತ್ತರ: ಸ್ವಂತ ಕಂಪನಿ ಕಟ್ಟಿಕೊಂಡರು, ಖರ್ಚನ್ನು ಹಿಡಿತದಲ್ಲಿಟ್ಟರು. 1954ರಲ್ಲಿ ಸೆತ್ ಎಂಬ ಬಂದರು ಊರಿನ ಮೀನುಗಾರರ ಕೇರಿಯಲ್ಲಿ ‘ಲಾ ಪ್ವಾಂತ್ ಕೂರ್ತ್’ ತೆಗೆದಾಗ ಅವರಿನ್ನೂ ರಂಗಭೂಮಿಯ ಫೋಟೊಗ್ರಾಫರ್. ಕಲಾವಿದರು, ತಂತ್ರಜ್ಞರು ಸಂಬಳ ಕೇಳದೆ ಪಾಲುದಾರರಾದರು. ಸ್ಥಳದಲ್ಲಿ ಧ್ವನಿ ಹಿಡಿಯಲಿಲ್ಲ, ಮಾತು ಆಮೇಲೆ ಸೇರಿತು. ಸಂಕಲನ, ಮುಂದೆ ಹೆಸರಾಂತ ನಿರ್ದೇಶಕರಾದ ಅಲೆನ್ ರೆನೆಯವರದು. ಆದರೆ ಉದ್ಯಮದ ಅನುಮತಿ ನಿಯಮಗಳ ಹೊರಗೆ ತೆಗೆದಿದ್ದರಿಂದ ಮಾಮೂಲಿ ವಿತರಣೆ ಸಿಗಲಿಲ್ಲ. ಹೊಸಬರು ಈಗಲೂ ಮುಗ್ಗರಿಸುವುದು ಇಲ್ಲೇ.

1970ರ ದಶಕದಲ್ಲಿ ಮಗು ಚಿಕ್ಕದಿತ್ತು, ದೂರ ಹೋಗುವಂತಿರಲಿಲ್ಲ. ಮನೆಯಿಂದಲೇ ಕರೆಂಟ್ ವೈರು ಎಳೆದು, ಅದು ಮುಟ್ಟುವಷ್ಟು ದೂರದ ಅಂಗಡಿಗಳನ್ನಷ್ಟೇ ಚಿತ್ರೀಕರಿಸಿದರು: ಬೇಕರಿ, ಮಾಂಸದಂಗಡಿ, ಟೈಲರ್. ‘ದಗೆರೊತೀಪ್’ ಹುಟ್ಟಿದ್ದು ಹಾಗೆ.

2000ದಲ್ಲಿ ಬಂದದ್ದು ಹಕ್ಕಲು, ಅಂದರೆ ಕೊಯ್ಲಾದ ಮೇಲೆ ಹೊಲದಲ್ಲಿ ಉಳಿದದ್ದನ್ನು, ಆಯುವವರ ಮೇಲಿನ ಸಾಕ್ಷ್ಯಚಿತ್ರ ‘ಲೆ ಗ್ಲಾನರ್ ಎ ಲಾ ಗ್ಲಾನೂಸ್’. (ಮೂಲ ಶೀರ್ಷಿಕೆಗೆ ನಮ್ಮ ‘ಹಕ್ಕಲು’ ಎಷ್ಟು ಚೆನ್ನಾಗಿ ಕೂರುತ್ತದೆ!) ಸಣ್ಣ ಡಿಜಿಟಲ್ ಕ್ಯಾಮೆರಾವನ್ನು ಒಂದು ಕೈಯಲ್ಲಿ ಹಿಡಿದು ತಮ್ಮ ಸುಕ್ಕುಗಟ್ಟಿದ ಇನ್ನೊಂದು ಕೈಯನ್ನೇ ಹತ್ತಿರದಿಂದ ತೋರಿಸಿದರು. ಕ್ಯಾಮೆರಾ ಆಫ್ ಮಾಡಲು ಮರೆತಾಗ ತೂಗಾಡಿದ ಲೆನ್ಸ್ ಮುಚ್ಚಳದ ದೃಶ್ಯವನ್ನೂ ಕತ್ತರಿಸಿ ಎಸೆಯಲಿಲ್ಲ. ಜಾಝ್ ಸಂಗೀತ ಹಾಕಿ ‘ನೃತ್ಯ’ ಮಾಡಿಸಿದರು.